ನಾಯಕನ ಹುಡುಕಾಟದಲ್ಲಿ ರಷ್ಯದ ಬೆಳ್ಳಿತೆರೆ

1991ರ ಡಿಸೆಂಬರ್‌ನಲ್ಲಿ ಸೋವಿಯತ್ ಒಕ್ಕೂಟ ವಿಸರ್ಜನೆಯಾದಾಗ ರಷ್ಯದ ಸಿನಿಮಾ ತನ್ನ ನಿರ್ಮಾಪಕ, ಹಂಚಿಕೆದಾರ, ಸೆನ್ಸಾರು ಮೂವರನ್ನೂ ಒಟ್ಟಿಗೆ ಕಳೆದುಕೊಂಡಿತು. ಏಳು ದಶಕಗಳ ಕಾಲ ಈ ಮೂರೂ ಕೆಲಸಗಳನ್ನು ಮಾಡುತ್ತ ಬಂದದ್ದು ಸರ್ಕಾರವೇ. ಗೋಸ್ಕಿನೋ ಎಂಬ ಸರ್ಕಾರಿ ಸಮಿತಿ ಚಿತ್ರಕಥೆಯನ್ನು ಓದಿ ಒಪ್ಪಿಗೆ ಕೊಡುತ್ತಿತ್ತು. ಮಾಸ್ಕೋದ ಮಾಸ್‌ಫಿಲ್ಮ್, ಲೆನಿನ್‌ಗ್ರಾಡಿನ ಲೆನ್‌ಫಿಲ್ಮ್‌ನಂಥ ಸ್ಟುಡಿಯೋಗಳು ಸರ್ಕಾರದ ಹಣದಲ್ಲಿ ಚಿತ್ರ ತೆಗೆಯುತ್ತಿದ್ದವು, ಸರ್ಕಾರದ ಚಿತ್ರಮಂದಿರಗಳು ಅದನ್ನು ತೋರಿಸುತ್ತಿದ್ದವು. ನೋಡುವವರಿಗೇನೂ ಕೊರತೆ ಇರಲಿಲ್ಲ. 1960ರ ದಶಕದ ಕೊನೆಯ ಹೊತ್ತಿಗೆ ಆ ದೇಶದಲ್ಲಿ ವರ್ಷಕ್ಕೆ 400 ಕೋಟಿಗೂ ಹೆಚ್ಚು ಸಿನಿಮಾ ಟಿಕೆಟ್‌ಗಳು ಖರ್ಚಾಗುತ್ತಿದ್ದವು. ನೀವು ಯಾರು ಎಂಬ ಪ್ರಶ್ನೆಗೆ ಉತ್ತರವನ್ನೂ ಈ ವ್ಯವಸ್ಥೆಯೇ ಸಿದ್ಧಪಡಿಸಿ ಕೊಟ್ಟಿತ್ತು. ಯುದ್ಧ ಗೆದ್ದ, ಕಾರ್ಖಾನೆ ಕಟ್ಟಿದ, ಬಾಹ್ಯಾಕಾಶಕ್ಕೆ ಹಾರಿದ ಸೋವಿಯತ್ ಮನುಷ್ಯ ನೀವು ಎಂದು ಅದು ಹೇಳುತ್ತಿತ್ತು. ದೇಶದ ಜೊತೆಗೆ ಆ ಉತ್ತರವೂ ಬಿದ್ದುಹೋಯಿತು. ಹೊಸ ಉತ್ತರ ಯಾವುದು, ಅದನ್ನು ಹೇಳುವ ಹಕ್ಕು ಯಾರದು ಎಂಬ ಜಗ್ಗಾಟವೇ ಅಲ್ಲಿಂದೀಚಿನ ರಷ್ಯನ್ ಸಿನಿಮಾದ ಮುಖ್ಯ ಕಥೆ.

ಬಿರುಕು ಬಿಟ್ಟದ್ದು ಮಾತ್ರ ಐದು ವರ್ಷ ಮೊದಲೇ. 1986ರ ಮೇ ತಿಂಗಳಲ್ಲಿ ಚಲನಚಿತ್ರ ಕರ್ಮಿಗಳ ಒಕ್ಕೂಟದ ಐದನೆಯ ಮಹಾಧಿವೇಶನ ಹಳೆಯ ನಾಯಕತ್ವವನ್ನು ಕೆಳಗಿಳಿಸಿ, ನಿರ್ದೇಶಕ ಎಲೆಮ್ ಕ್ಲಿಮೋವ್ ಅವರನ್ನು ಆರಿಸಿತು. ಡಬ್ಬದಲ್ಲೇ ಕೊಳೆಯುತ್ತಿದ್ದ ನಿಷೇಧಿತ ಚಿತ್ರಗಳನ್ನು ಹೊರತೆಗೆಯಲು ಒಂದು ಸಮಿತಿ ರಚನೆಯಾಯಿತು. ಸ್ಟಾಲಿನ್ ಕಾಲದ ಕ್ರೌರ್ಯವನ್ನು ರೂಪಕದಲ್ಲಿ ಹೇಳಿದ, ಜಾರ್ಜಿಯದ ತೆಂಗಿಜ್ ಅಬುಲಾದ್ಜೆ ಅವರ 'ಪಶ್ಚಾತ್ತಾಪ' ಜನರೆದುರು ಬಂತು. 1967ರಲ್ಲಿ ತೆಗೆದು ಮುಚ್ಚಿಟ್ಟಿದ್ದ ಅಲೆಕ್ಸಾಂಡರ್ ಅಸ್ಕೋಲ್ದೋವ್ ಅವರ 'ಕಮಿಸಾರ್' ಕೂಡ ಇಪ್ಪತ್ತು ವರ್ಷಗಳ ಬಳಿಕ ಬೆಳಕು ಕಂಡಿತು. 1988ರ 'ಪುಟ್ಟ ವೇರಾ' ಕಾರ್ಖಾನೆಯ ಊರಿನ ಒಂದು ಕುಟುಂಬದ ಕುಡಿತ, ಜಗಳ, ಗೊತ್ತುಗುರಿಯಿಲ್ಲದ ಯೌವನವನ್ನು ಮುಚ್ಚುಮರೆಯಿಲ್ಲದೆ ತೋರಿಸಿತು. ಐದು ಕೋಟಿಗೂ ಹೆಚ್ಚು ಜನ ಅದನ್ನು ನೋಡಿದರು. ನಂತರದ ಕೆಲವು ವರ್ಷ ಇಂಥ ಕತ್ತಲ ಚಿತ್ರಗಳದ್ದೇ ಕಾಲ. ವೇಶ್ಯೆಯರು, ಕೊಲೆಗಡುಕರು, ಮಾದಕದ್ರವ್ಯ ವ್ಯಸನಿಗಳು ತೆರೆ ತುಂಬಿದರು. ಸುಳ್ಳನ್ನು ಕಿತ್ತೆಸೆಯುವ ತವಕ ಪ್ರಾಮಾಣಿಕವಾಗಿತ್ತು. ಆದರೆ ಕಿತ್ತ ಜಾಗದಲ್ಲಿ ಏನನ್ನು ಇಡಬೇಕು ಎಂಬುದು ಯಾರಿಗೂ ತೋಚಿರಲಿಲ್ಲ.

ಅಷ್ಟರಲ್ಲಿ ಉದ್ಯಮವೇ ಕುಸಿಯಿತು. 1990ರಲ್ಲಿ ಸುಮಾರು 300 ಚಿತ್ರಗಳು ತಯಾರಾಗಿದ್ದವು. ಖಾಸಗಿ ನಿರ್ಮಾಣಕ್ಕೆ ಹೊಸದಾಗಿ ಅವಕಾಶ ಸಿಕ್ಕಿದ್ದರಿಂದ ಕಪ್ಪುಹಣವೂ ಅದರೊಳಗೆ ಹರಿದಿತ್ತು. ದಶಕದ ನಡುವಿನ ಹೊತ್ತಿಗೆ ಆ ಸಂಖ್ಯೆ ಮೂವತ್ತರ ಆಸುಪಾಸಿಗೆ ಇಳಿಯಿತು. ಹಣದುಬ್ಬರಕ್ಕೆ ಸಂಬಳ ಕರಗಿ ಹೋಗಿ ಜನ ಚಿತ್ರಮಂದಿರಕ್ಕೆ ಬರುವುದನ್ನೇ ಬಿಟ್ಟರು. ಎಷ್ಟೋ ಚಿತ್ರಮಂದಿರಗಳು ಪೀಠೋಪಕರಣ ಮಾರುವ ಅಂಗಡಿಗಳಾದವು, ಕಾರಿನ ಶೋರೂಮುಗಳಾದವು. ಕೈಗೆ ಸಿಗುತ್ತಿದ್ದದ್ದು ಕಳ್ಳ ವಿಡಿಯೋ ಕ್ಯಾಸೆಟ್ಟು, ಅದರಲ್ಲಿ ಹಾಲಿವುಡ್. ರಾಜ್ ಕಪೂರ್‌ನ 'ಆವಾರಾ'ವನ್ನು 1954ರಲ್ಲಿ ಆರು ಕೋಟಿಗೂ ಹೆಚ್ಚು ಮಂದಿ ಮುಗಿಬಿದ್ದು ನೋಡಿದ ದೇಶದಲ್ಲಿ, ನಾಲ್ಕು ದಶಕಗಳ ಬಳಿಕ ತನ್ನದೇ ನಿರ್ದೇಶಕರ ಚಿತ್ರಗಳಿಗೆ ಪ್ರೇಕ್ಷಕರಿರಲಿಲ್ಲ. ಚಿತ್ರೋತ್ಸವದಲ್ಲಿ ಒಂದೆರಡು ಪ್ರದರ್ಶನ ಕಂಡು ಮಾಯವಾಗುವುದೇ ಅವುಗಳ ಪಾಡಾಗಿತ್ತು.

ದಾರಿ ಕಾಣದಾದಾಗ ಹಲವರು ಹಿಂದಕ್ಕೆ, 1917ರ ಕ್ರಾಂತಿಗಿಂತಲೂ ಹಿಂದಕ್ಕೆ ನೋಡಿದರು. ಸ್ತಾನಿಸ್ಲಾವ್ ಗೊವೊರೂಖಿನ್ 1992ರಲ್ಲಿ 'ನಾವು ಕಳೆದುಕೊಂಡ ರಷ್ಯ' ಎಂಬ ಸಾಕ್ಷ್ಯಚಿತ್ರ ತೆಗೆದರು. ತ್ಸಾರ್ ದೊರೆಗಳ ಕಾಲ ಅದರಲ್ಲಿ ಸಮೃದ್ಧಿಯ ಕಾಲವಾಗಿ ಕಾಣಿಸಿತು. ನಿಕಿತಾ ಮಿಖಾಲ್ಕೋವ್ ಅವರ 'ಬಿಸಿಲಿಗೆ ಬೆಂದವರು' (1994) ಇದಕ್ಕಿಂತ ಎಷ್ಟೋ ಸೂಕ್ಷ್ಮವಾದ ಕೃತಿ. 1936ರ ಬೇಸಿಗೆಯ ಒಂದು ದಿನ. ಕ್ರಾಂತಿಯ ವೀರನೆನಿಸಿಕೊಂಡ ಸೇನಾಧಿಕಾರಿ ಕೋತೋವ್ ಹೆಂಡತಿ, ಮಗಳು, ಹಳೆಯ ಕುಲೀನ ಬಂಧುಗಳೊಡನೆ ಹಳ್ಳಿಮನೆಯಲ್ಲಿ ನಕ್ಕು ನಲಿಯುತ್ತಿದ್ದಾನೆ. ಹೆಂಡತಿಯ ಹಳೆಯ ಪ್ರೇಮಿ ಅತಿಥಿಯಾಗಿ ಬರುತ್ತಾನೆ. ಅವನು ಬಂದಿರುವುದು ಗುಪ್ತ ಪೊಲೀಸರ ಪರವಾಗಿ, ಕೋತೋವ್‌ನನ್ನು ಒಯ್ಯಲು. ಕೊಂದವರೂ ಸತ್ತವರೂ ಒಂದೇ ಮನೆಯವರು ಎಂಬ ನೋವು ಈ ಚಿತ್ರದ ತಿರುಳು. ಕಾನ್‌ನ ಗ್ರ್ಯಾಂಡ್ ಪ್ರಿ, ಬಳಿಕ ವಿದೇಶಿ ಭಾಷಾ ಚಿತ್ರಕ್ಕಿರುವ ಆಸ್ಕರ್ ಎರಡೂ ಅದಕ್ಕೆ ದೊರೆತವು.

ಅಲೆಕ್ಸಾಂಡರ್ ರೊಗೋಷ್ಕಿನ್ ಅದೇ ಹಂಬಲವನ್ನು ನಗುವಿಗೆ ತಿರುಗಿಸಿದರು. ಅವರ 'ರಾಷ್ಟ್ರೀಯ ಬೇಟೆಯ ವಿಶೇಷಗಳು' (1995) ಚಿತ್ರದಲ್ಲಿ ಫಿನ್ಲೆಂಡಿನ ತರುಣನೊಬ್ಬ ರಷ್ಯದ ಬೇಟೆಯ ಸಂಪ್ರದಾಯವನ್ನು ಅಭ್ಯಾಸ ಮಾಡಲು ಬರುತ್ತಾನೆ. ಅವನ ಕನಸಿನಲ್ಲಿ ಫ್ರೆಂಚ್ ಮಾತಾಡುವ ಕುಲೀನರು ಬೇಟೆನಾಯಿಗಳೊಡನೆ ಕುದುರೆ ಓಡಿಸುತ್ತಾರೆ. ಎಚ್ಚರದಲ್ಲಿ ಕಾಣುವುದು ಪೆಟ್ಟಿಗೆಗಟ್ಟಲೆ ವೋಡ್ಕಾ, ಸ್ನಾನದ ಮನೆಗೆ ನುಗ್ಗುವ ಕರಡಿ, ಯುದ್ಧವಿಮಾನಕ್ಕೆ ತುಂಬಿಸಿದ ಹಸು. ಬೇಟೆಯೊಂದು ಬಿಟ್ಟು ಮಿಕ್ಕೆಲ್ಲವೂ ನಡೆಯುತ್ತದೆ. ಸೋತು ಸುಣ್ಣವಾದ ಜನ ತಮ್ಮ ಪಾಡಿಗೆ ತಾವೇ ನಗುವುದನ್ನು ಇದು ಕಲಿಸಿತು. ಆ ದಶಕದಲ್ಲಿ ಪ್ರೇಕ್ಷಕರು ನಿಜವಾಗಿ ಮನಸೋತ ಕೆಲವೇ ಚಿತ್ರಗಳಲ್ಲಿ ಇದೂ ಒಂದು.

ಜನ ತಮ್ಮವನೆಂದು ಅಪ್ಪಿಕೊಂಡ ನಾಯಕ ಬಂದದ್ದು 1997ರಲ್ಲಿ. ಅಲೆಕ್ಸೇಯ್ ಬಾಲಬಾನೋವ್ ಪುಡಿಗಾಸಿನಲ್ಲಿ ತೆಗೆದ 'ಸೋದರ' ಚಿತ್ರದ ದನೀಲಾ ಬಗ್ರೋವ್ ಸೈನ್ಯದಿಂದ ಮರಳಿದ ಹುಡುಗ. ಸೇನಾ ಕಚೇರಿಯಲ್ಲಿ ಗುಮಾಸ್ತನಾಗಿದ್ದೆ ಎನ್ನುತ್ತಾನೆ, ಬಂದೂಕು ಹಿಡಿದ ಕೈ ಮಾತ್ರ ಬೇರೆಯದನ್ನೇ ಹೇಳುತ್ತದೆ. ಕೆಲಸ ಹುಡುಕಿಕೊಂಡು ಸೇಂಟ್ ಪೀಟರ್ಸ್‌ಬರ್ಗಿಗೆ ಬಂದರೆ, ಮನೆಯವರ ಹೆಮ್ಮೆಯಾಗಿದ್ದ ಅಣ್ಣ ಬಾಡಿಗೆ ಕೊಲೆಗಾರ. ದನೀಲಾ ಅಣ್ಣನ ಪರವಾಗಿ ಕೊಲ್ಲುತ್ತಾನೆ, ಬಡವರಿಗೆ ಹಣ ಕೊಡುತ್ತಾನೆ, ಕಿವಿಗೆ ಇಯರ್‌ಫೋನ್ ಸಿಕ್ಕಿಸಿ ನಾಟಿಲಸ್ ಪೊಂಪಿಲಿಯಸ್ ತಂಡದ ರಾಕ್ ಹಾಡು ಕೇಳುತ್ತ ನಡೆಯುತ್ತಾನೆ. ಪಾತ್ರ ಮಾಡಿದ ಸೆರ್ಗೇಯ್ ಬೊದ್ರೋವ್ ಜೂನಿಯರ್ ವೃತ್ತಿನಟರಲ್ಲ, ವೆನಿಸ್‌ನ ನವೋದಯ ಕಾಲದ ಚಿತ್ರಕಲೆಯ ಮೇಲೆ ಪ್ರಬಂಧ ಬರೆದ ಕಲಾ ಇತಿಹಾಸಕಾರ. ಅವರ ಮೃದು ಮುಖ, ಕಡಿಮೆ ಮಾತು, ಉಣ್ಣೆಯ ದೊಗಲೆ ಸ್ವೆಟರ್ ಒಂದು ಪೀಳಿಗೆಯ ಗುರುತೇ ಆಯಿತು.

ದನೀಲಾನ ಆಕರ್ಷಣೆ ಅರ್ಥವಾಗದೆ ಆಮೇಲಿನ ರಷ್ಯ ಅರ್ಥವಾಗುವುದಿಲ್ಲ. ಕಾನೂನು, ಪಕ್ಷ, ಪೊಲೀಸು, ಬ್ಯಾಂಕು ಯಾವುದನ್ನೂ ನಂಬಲಾಗದ ದಿನಗಳಲ್ಲಿ ರಕ್ತಸಂಬಂಧ ಒಂದನ್ನೇ ಗಟ್ಟಿ ನೆಲವೆಂದು ಹಿಡಿದವನು ಅವನು. ತಮ್ಮವರು ಯಾರು, ಪರರು ಯಾರು ಎಂಬುದೇ ಅವನ ನೀತಿಶಾಸ್ತ್ರ. ಟ್ರ್ಯಾಮಿನಲ್ಲಿ ಟಿಕೆಟ್ ಕೊಳ್ಳದ ಕಾಕಸಸ್‌ನವರನ್ನು ಅವನು ಪಿಸ್ತೂಲು ತೋರಿಸಿ ಅವಮಾನಿಸುತ್ತಾನೆ; ಯಹೂದಿಗಳೆಂದರೆ ತನಗೆ ಅಷ್ಟಕ್ಕಷ್ಟೇ ಎನ್ನುತ್ತಾನೆ; ಹಾಗೆಂದವನೇ ಸ್ಮಶಾನದಲ್ಲಿ ಬದುಕುವ ನಿರ್ಗತಿಕ ಜರ್ಮನ್ ಮುದುಕನೊಡನೆ ಗೆಳೆತನ ಮಾಡುತ್ತಾನೆ. ಬಾಲಬಾನೋವ್ ಇದನ್ನು ಖಂಡಿಸಲೂ ಇಲ್ಲ, ಕೊಂಡಾಡಲೂ ಇಲ್ಲ. ಆ ಮೌನದಲ್ಲಿ ಚಿತ್ರದ ಬಲವಿದೆ, ಅಪಾಯವೂ ಇದೆ. 2000ದ 'ಸೋದರ 2'ರಲ್ಲಿ ದನೀಲಾ ಶಿಕಾಗೋಗೆ ಹೋಗಿ, ಶಕ್ತಿ ಇರುವುದು ಹಣದಲ್ಲಲ್ಲ, ಸತ್ಯದಲ್ಲಿ ಎಂದು ಅಮೆರಿಕದ ಹಣವಂತನಿಗೆ ಪಾಠ ಹೇಳಿದಾಗ ಹಿಂಜರಿಕೆ ಉಳಿದಿರಲಿಲ್ಲ. ಸೋತ ದೇಶದ ಸ್ವಾಭಿಮಾನಕ್ಕೆ ಅದು ಮುಲಾಮು ಹಚ್ಚಿತು. ಸತ್ಯ ಯಾರ ಬಳಿ ಇದೆ ಎಂದು ತೀರ್ಮಾನಿಸುವವನು ಬಂದೂಕು ಹಿಡಿದವನೇ ಎಂಬುದನ್ನು ಜನ ಗಮನಿಸಲಿಲ್ಲ. 2022ರಲ್ಲಿ ಉಕ್ರೇನ್ ಯುದ್ಧದ ಪ್ರಚಾರ ಫಲಕಗಳ ಮೇಲೆ ಇದೇ ಮಾತು ಘೋಷಣೆಯಾಗಿ ಮರಳಿ ಬಂತು. ಬೊದ್ರೋವ್ ಅದನ್ನು ನೋಡಲು ಬದುಕಿರಲಿಲ್ಲ. 2002ರ ಸೆಪ್ಟೆಂಬರ್‌ನಲ್ಲಿ ಉತ್ತರ ಒಸೆಟಿಯದ ಕರ್ಮದೋನ್ ಕಣಿವೆಯಲ್ಲಿ ತಮ್ಮದೇ ಚಿತ್ರದ ಚಿತ್ರೀಕರಣಕ್ಕೆ ಹೋಗಿದ್ದಾಗ ಹಿಮನದಿ ಕುಸಿದು ತಂಡದೊಡನೆ ಕಣ್ಮರೆಯಾದರು.

ಇದೇ ನಟ ಅದಕ್ಕೂ ಮೊದಲು ಬೇರೊಂದು ಬಗೆಯ ಸೈನಿಕನಾಗಿ ಕಾಣಿಸಿಕೊಂಡಿದ್ದರು. ಅವರ ತಂದೆ ಸೆರ್ಗೇಯ್ ಬೊದ್ರೋವ್ 1996ರಲ್ಲಿ ತೆಗೆದ 'ಬೆಟ್ಟದ ಸೆರೆಯಾಳು' ಟಾಲ್‌ಸ್ಟಾಯ್ ಕಥೆಯೊಂದನ್ನು ಚೆಚೆನ್ಯ ಯುದ್ಧದ ಕಾಲಕ್ಕೆ ತಂದ ಚಿತ್ರ. ತನ್ನ ಮಗನನ್ನು ಬಿಡಿಸಿಕೊಳ್ಳಲು ಇಬ್ಬರು ರಷ್ಯನ್ ಸೈನಿಕರನ್ನು ಹಿಡಿದಿಟ್ಟುಕೊಂಡ ಮಲೆನಾಡಿನ ಮುದುಕನಿಗೂ, ಮಗನಿಗಾಗಿ ಅಲೆಯುವ ರಷ್ಯನ್ ತಾಯಿಗೂ ಈ ಚಿತ್ರ ಒಂದೇ ತೂಕದ ದುಃಖ ಕೊಡುತ್ತದೆ. ಯುದ್ಧ ನಡೆಯುತ್ತಿರುವಾಗಲೇ ಶತ್ರುವನ್ನು ಮನುಷ್ಯನನ್ನಾಗಿ ಕಾಣಿಸಿದ ಧೈರ್ಯ ದೊಡ್ಡದು. ಬಾಲಬಾನೋವ್ 2002ರಲ್ಲಿ 'ಯುದ್ಧ' ತೆಗೆಯುವ ಹೊತ್ತಿಗೆ ಚೆಚೆನ್ನರು ಬರಿಯ ಕಟುಕರಾಗಿದ್ದರು.

1998ರಲ್ಲಿ ಚಲನಚಿತ್ರ ಕರ್ಮಿಗಳ ಅಧಿವೇಶನ ಕ್ರೆಮ್ಲಿನ್‌ನಲ್ಲಿ ಸೇರಿದಾಗ, ಅದರ ಮುಂದಾಳಾಗಿದ್ದ ಮಿಖಾಲ್ಕೋವ್ ಇತ್ತೀಚಿನ ಚಿತ್ರಗಳ ಹಿಂಸೆಯ ತುಣುಕುಗಳನ್ನು ತೋರಿಸಿ, ಇಂಥವನ್ನು ನೋಡಿ ಬೆಳೆದ ಮಕ್ಕಳು ಈ ದೇಶವನ್ನು ಹೇಗೆ ಪ್ರೀತಿಸಿಯಾರು ಎಂಬ ಧಾಟಿಯಲ್ಲಿ ಮಾತಾಡಿದರು. ದೇಶಕ್ಕೆ ಸಕಾರಾತ್ಮಕ ನಾಯಕ ಬೇಕು, ಅವನನ್ನು ಸಿನಿಮಾ ಕೊಡಬೇಕು ಎಂಬುದು ಅವರ ವಾದ. ಮಾದರಿಯಾಗಿ ಅವರು ಮುಂದಿಟ್ಟದ್ದು ತಮ್ಮದೇ 'ಸೈಬೀರಿಯದ ಕ್ಷೌರಿಕ'ವನ್ನು. ಕಥೆ 1885ರ ಮಾಸ್ಕೋದ್ದು. ಸೈನಿಕ ಶಾಲೆಯ ನಿಷ್ಕಪಟ ಹುಡುಗ, ಅಮೆರಿಕದಿಂದ ಬಂದ ಚೆಲುವೆ, ಕುದುರೆಯೇರಿ ಬರುವ ತ್ಸಾರ್ ಮೂರನೆಯ ಅಲೆಕ್ಸಾಂಡರ್. ತ್ಸಾರ್ ಪಾತ್ರದಲ್ಲಿ ಮಿಖಾಲ್ಕೋವ್ ಅವರೇ. ಚಿತ್ರೀಕರಣಕ್ಕಾಗಿ ಕ್ರೆಮ್ಲಿನ್ ಗೋಪುರಗಳ ಕೆಂಪು ನಕ್ಷತ್ರಗಳ ದೀಪ ಆರಿಸಲಾಗಿತ್ತು. ಆಗಸ್ಟ್‌ನಲ್ಲಿ ರೂಬಲ್ ಮುಗ್ಗರಿಸಿ ಜನರ ಉಳಿತಾಯ ಮಣ್ಣುಪಾಲಾದ ಆರೇ ತಿಂಗಳಿಗೆ ಕ್ರೆಮ್ಲಿನ್ ಅರಮನೆಯಲ್ಲಿ ವೈಭವದ ಮೊದಲ ಪ್ರದರ್ಶನ ನಡೆಯಿತು. ರಷ್ಯನ್ ಆತ್ಮವನ್ನು ತೋರಿಸಲು ಹೊರಟ ಈ ಚಿತ್ರದ ಮಾತುಗಳಲ್ಲಿ ಬಹುಪಾಲು ಇಂಗ್ಲಿಷಿನದು, ಅದು ತೋರಿಸಿದ ರಷ್ಯ ಪಶ್ಚಿಮದವರು ಕೊಳ್ಳಲೆಂದು ಅಲಂಕರಿಸಿದ್ದು. ಆದರೂ ಚಿತ್ರವನ್ನು ಲಘುವಾಗಿ ಕಾಣುವಂತಿಲ್ಲ. ತ್ಸಾರ್, ಸೈನ್ಯ, ಧರ್ಮ ಮೂರನ್ನೂ ಹೆಮ್ಮೆಯ ಒಂದೇ ಚೌಕಟ್ಟಿಗೆ ಕೂರಿಸುವ ಮಾದರಿ ಇಲ್ಲಿಯೇ ಸಿದ್ಧವಾಯಿತು. ಮುಂದಿನ ಇಪ್ಪತ್ತು ವರ್ಷ ಸರ್ಕಾರಿ ಹಣ ಹುಡುಕಿದ್ದು ಅದನ್ನೇ.

ಅದೇ ಗತವೈಭವವನ್ನು ಅಲೆಕ್ಸಾಂಡರ್ ಸೊಕೂರೋವ್ ಬೇರೆ ಕಣ್ಣಿನಿಂದ ನೋಡಿದರು. 2001ರ ಡಿಸೆಂಬರ್ 23ರಂದು, ವರ್ಷದ ಅತಿ ಚಿಕ್ಕ ಹಗಲುಗಳಲ್ಲೊಂದರಲ್ಲಿ, ಸೇಂಟ್ ಪೀಟರ್ಸ್‌ಬರ್ಗಿನ ಹರ್ಮಿಟಾಜ್ ವಸ್ತುಸಂಗ್ರಹಾಲಯದ 33 ಕೋಣೆಗಳ ಮೂಲಕ ಕ್ಯಾಮೆರಾ ನಡೆಯಿತು. ನಡುವೆ ಒಂದು ಕತ್ತರಿಯೂ ಇಲ್ಲದೆ ಒಂದೂವರೆ ಗಂಟೆಗೂ ಮೀರಿದ ಒಂದೇ ಶಾಟ್. ಸ್ಟೆಡಿಕ್ಯಾಮ್ ಹೊತ್ತು ನಡೆದವರು ಜರ್ಮನಿಯ ಟಿಲ್‌ಮನ್ ಬ್ಯುಟ್ನರ್. ಮೊದಲ ಯತ್ನಗಳು ನಡುವಿನಲ್ಲೇ ನಿಂತುಹೋಗಿ, ಬೆಳಕೂ ಬ್ಯಾಟರಿಯೂ ಮುಗಿಯುವ ಮುನ್ನ ನಾಲ್ಕನೆಯದು ಗೆದ್ದಿತು. ಹೀಗೆ ತಯಾರಾದ 'ರಷ್ಯನ್ ನಾವೆ'ಯಲ್ಲಿ (2002) ಕಾಣಿಸಿಕೊಳ್ಳದ ರಷ್ಯನ್ ನಿರೂಪಕನೊಬ್ಬ, ಹತ್ತೊಂಬತ್ತನೆಯ ಶತಮಾನದ ಫ್ರೆಂಚ್ ಪ್ರವಾಸಿ ಕುಸ್ತೀನ್‌ನನ್ನು ನೆನಪಿಸುವ ಯುರೋಪಿಯನ್ ಒಬ್ಬ, ಇಬ್ಬರೂ ಅರಮನೆಯಲ್ಲಿ ಅಲೆಯುತ್ತಾರೆ. ಪೀಟರ್ ದೊರೆ, ಕ್ಯಾಥರೀನ್ ರಾಣಿ, ಪರ್ಷಿಯದ ರಾಯಭಾರಿಗಳು ಎದುರಾಗುತ್ತಾರೆ. ಯುರೋಪಿಯನ್‌ನ ಕುಹಕ ಒಂದೇ: ಇಲ್ಲಿರುವುದೆಲ್ಲ ನಮ್ಮಿಂದ ನಕಲು ಮಾಡಿದ್ದು. ನಾವು ಯುರೋಪಿನವರೋ ಅಲ್ಲವೋ ಎಂಬ ರಷ್ಯದ ಎರಡು ಶತಮಾನಗಳ ತಳಮಳ ಈ ಜೋಡಿಯ ನಡಿಗೆಯಲ್ಲಿ ರೂಪ ಪಡೆದಿದೆ. ಒಂದು ಬಾಗಿಲಿನ ಹಿಂದೆ ಲೆನಿನ್‌ಗ್ರಾಡ್ ಮುತ್ತಿಗೆಯ ಚಳಿ, ಖಾಲಿ ಚೌಕಟ್ಟುಗಳು, ಶವಪೆಟ್ಟಿಗೆ ಇವೆ. ಅದೊಂದನ್ನು ಬಿಟ್ಟರೆ ಸೋವಿಯತ್ ಕಾಲವನ್ನು ಚಿತ್ರ ಬಹುತೇಕ ದಾಟಿ ಹೋಗುತ್ತದೆ. ಕೊನೆಯ ಮಹಾನೃತ್ಯದಿಂದ ಸಾವಿರಾರು ಜನ ಮೆಟ್ಟಿಲಿಳಿದು ಹೋಗುವಾಗ ಅವರು ಎತ್ತ ಹೋಗುತ್ತಿದ್ದಾರೆಂಬುದು ನೋಡುವವರಿಗೆ ಗೊತ್ತು, ಅವರಿಗೆ ಗೊತ್ತಿಲ್ಲ. ಕಮ್ಯುನಿಸಂ ನಂತರದ ರಷ್ಯ ತನ್ನ ಬಗ್ಗೆ ಹೇಳಿಕೊಂಡ ಮಾತುಗಳಲ್ಲಿ ಇದರಷ್ಟು ಚೆಲುವಾದದ್ದೂ, ಇದರಷ್ಟು ಜಾಣತನದಿಂದ ಎಪ್ಪತ್ತು ವರ್ಷಗಳನ್ನು ಮರೆತದ್ದೂ ಇನ್ನೊಂದಿಲ್ಲ.

ಈ ನಡುವೆ ದೇಶದ ಕೈಗೆ ತೈಲದ ಹಣ ಬಂತು, ಮಲ್ಟಿಪ್ಲೆಕ್ಸುಗಳು ಎದ್ದವು. ಚಾನೆಲ್ ವನ್ ದೂರದರ್ಶನ ಸಂಸ್ಥೆ ತಯಾರಿಸಿದ, ತಿಮೂರ್ ಬೆಕ್‌ಮಂಬೇತೋವ್ ಅವರ ಮಾಂತ್ರಿಕ ಕಥೆ 'ರಾತ್ರಿ ಪಹರೆ' (2004) ಹಾಲಿವುಡ್ ಚಿತ್ರಗಳನ್ನು ಗಲ್ಲಾಪೆಟ್ಟಿಗೆಯಲ್ಲಿ ಹಿಂದೆ ಹಾಕಿತು. ಮರುವರ್ಷ ಬಂದ ಫ್ಯೋದರ್ ಬೊಂದಾರ್ಚುಕ್ ಅವರ 'ಒಂಬತ್ತನೆಯ ಕಂಪನಿ' ಅಫ್ಘಾನಿಸ್ತಾನದ ಯುದ್ಧದ್ದು. ನಿಜ ಘಟನೆ ನಡೆದದ್ದು 1988ರ ಜನವರಿಯಲ್ಲಿ: 3234 ಎಂಬ ಗುಡ್ಡವನ್ನು ಕಾಯುತ್ತಿದ್ದ 39 ಸೈನಿಕರಲ್ಲಿ ಆರು ಮಂದಿ ಸತ್ತರು, ಗುಡ್ಡ ಉಳಿಯಿತು. ಚಿತ್ರದಲ್ಲಿ ಒಬ್ಬನ ಹೊರತು ಎಲ್ಲರೂ ಸಾಯುತ್ತಾರೆ. ಸೇನೆ ವಾಪಸಾಗುವ ಗಡಿಬಿಡಿಯಲ್ಲಿ ಮೇಲಿನವರು ಅವರನ್ನು ಮರೆತೇಬಿಟ್ಟಿರುತ್ತಾರೆ. ಈ ಬದಲಾವಣೆ ಸುಮ್ಮನೆ ಮಾಡಿದ್ದಲ್ಲ. ತಾವು ಸೋಲಲಿಲ್ಲ, ತಮ್ಮನ್ನು ಕೈಬಿಡಲಾಯಿತು ಎಂಬುದು 1990ರ ದಶಕವನ್ನು ಬದುಕಿದ ಲಕ್ಷಾಂತರ ಜನರ ಭಾವನೆಯಾಗಿತ್ತು. ಚಿತ್ರ ಆ ಭಾವನೆಗೆ ಒಂದು ಗುಡ್ಡವನ್ನು ಕೊಟ್ಟಿತು.

ಧರ್ಮವೂ ತೆರೆಗೆ ಮರಳಿತು. ಪಾವೆಲ್ ಲುಂಗಿನ್ ಅವರ 'ದ್ವೀಪ'ದಲ್ಲಿ (2006) ಯುದ್ಧಕಾಲದಲ್ಲಿ ಜೀವಭಯದಿಂದ ತನ್ನ ಒಡನಾಡಿಗೆ ಗುಂಡು ಹಾರಿಸಿದವನು ಉತ್ತರದ ಬಿಳಿಸಮುದ್ರದ ಮಠವೊಂದರಲ್ಲಿ ಒಲೆಗೆ ಕಲ್ಲಿದ್ದಲು ತುಂಬುತ್ತ, ಹುಚ್ಚನಂತೆ ಆಡುತ್ತ, ಪಾಪದ ಭಾರ ಹೊತ್ತು ಬದುಕುತ್ತಾನೆ. ಆ ಪಾತ್ರ ಮಾಡಿದ ಪ್ಯೋತರ್ ಮಾಮೋನೋವ್ ಸ್ವತಃ ರಾಕ್ ಗಾಯಕರಾಗಿದ್ದು, ನಗರ ಬಿಟ್ಟು ಹಳ್ಳಿಗೆ, ಶ್ರದ್ಧೆಗೆ ಹೊರಳಿದವರು. ನಟನೆ ಎನ್ನಿಸದಷ್ಟು ಸಹಜವಾಗಿ ಅವರು ಪ್ರಾರ್ಥಿಸುತ್ತಾರೆ. ಆದರೆ ಇಗರ್ಜಿ ಅಧಿಕಾರದ ಪಕ್ಕ ನಿಂತಾಗ ಶ್ರದ್ಧೆಯ ಬಣ್ಣ ಬದಲಾಗುತ್ತದೆ. 2000ದಲ್ಲಿ ಸಂತನೆಂದು ಘೋಷಿತನಾದ ಕೊನೆಯ ತ್ಸಾರ್ ಎರಡನೆಯ ನಿಕೊಲಾಸ್‌ನ ಯೌವನದ ಪ್ರೇಮವನ್ನು ಹೇಳಿದ 'ಮತೀಲ್ದಾ' (2017) ಬಿಡುಗಡೆಗೆ ಮುನ್ನವೇ ಭಕ್ತರ ಕೋಪಕ್ಕೆ ಗುರಿಯಾಯಿತು. ಯೆಕಟೆರಿನ್‌ಬರ್ಗಿನಲ್ಲಿ ಒಬ್ಬ ಚಿತ್ರಮಂದಿರಕ್ಕೇ ವಾಹನ ನುಗ್ಗಿಸಿದ.

2012ರಿಂದ 2020ರವರೆಗೆ ಸಂಸ್ಕೃತಿ ಸಚಿವರಾಗಿದ್ದ ವ್ಲಾದಿಮಿರ್ ಮೆದಿನ್‌ಸ್ಕಿ ಅವರ ಅವಧಿಯಲ್ಲಿ, ಹಣ ಕೊಡುವ ಸರ್ಕಾರ ಎಂಥ ರಷ್ಯ ಬೇಕೆಂಬುದನ್ನು ಬಾಯಿಬಿಟ್ಟು ಹೇಳತೊಡಗಿತು. 1941ರಲ್ಲಿ ಮಾಸ್ಕೋ ಕಾಯುತ್ತ ಮಡಿದರೆನ್ನಲಾದ 28 ಯೋಧರ ಕಥೆ ಪತ್ರಕರ್ತರ ಸೃಷ್ಟಿ ಎಂದು ತೋರಿಸುವ 1948ರ ತನಿಖಾ ವರದಿಯನ್ನು ಸರ್ಕಾರಿ ಪತ್ರಾಗಾರದ ಮುಖ್ಯಸ್ಥ ಸೆರ್ಗೇಯ್ ಮಿರೊನೆಂಕೊ 2015ರಲ್ಲಿ ಪ್ರಕಟಿಸಿದರು. ಸಚಿವರು ಅವರನ್ನು ಬಹಿರಂಗವಾಗಿ ಗದರಿದರು, ಮರುವರ್ಷ ಮಿರೊನೆಂಕೊ ಆ ಹುದ್ದೆಯಲ್ಲಿರಲಿಲ್ಲ. ಅದೇ 2016ರಲ್ಲಿ 'ಪನ್‌ಫಿಲೋವ್‌ನ 28 ಮಂದಿ' ತೆರೆಗೆ ಬಂತು. ಸಾವಿರಾರು ಸಾಮಾನ್ಯರು ಅದಕ್ಕೆ ಚಂದಾ ಕೊಟ್ಟಿದ್ದರು ಎಂಬುದನ್ನು ಮರೆಯುವಂತಿಲ್ಲ. ಪುರಾಣ ಬೇಕಾಗಿದ್ದದ್ದು ಸರ್ಕಾರಕ್ಕೆ ಮಾತ್ರವೇ ಅಲ್ಲ.

ಆಂದ್ರೇಯ್ ಜ್ವ್ಯಾಗಿನ್‌ತ್ಸೆವ್ ಅವರ 'ಲೆವಿಯಾಥನ್' (2014) ಈ ಬಿಕ್ಕಟ್ಟಿನ ನಟ್ಟನಡುವೆ ನಿಂತ ಚಿತ್ರ. ಮುರ್‌ಮಾನ್‌ಸ್ಕ್ ಪ್ರಾಂತದ ತೆರಿಬೆರ್ಕಾ ಎಂಬ ಕಡಲ ಹಳ್ಳಿಯಲ್ಲಿ ಚಿತ್ರೀಕರಣವಾಯಿತು. ಮೆಕ್ಯಾನಿಕ್ ಕೋಲ್ಯನ ಮನೆಯ ಮೇಲೆ ಊರಿನ ಮೇಯರನ ಕಣ್ಣು ಬಿದ್ದಿದೆ. ನ್ಯಾಯಾಲಯ, ಪೊಲೀಸು ಎಲ್ಲ ಮೇಯರನ ಕಡೆ. ಬಿಷಪ್ಪನ ಆಶೀರ್ವಾದವೂ ಅವನಿಗೇ. ಮನೆ, ಹೆಂಡತಿ, ಸ್ವಾತಂತ್ರ್ಯ ಒಂದೊಂದಾಗಿ ಕೋಲ್ಯನ ಕೈ ಬಿಟ್ಟುಹೋಗುತ್ತವೆ. ಮನೆ ಕೆಡವಿದ ಜಾಗದಲ್ಲಿ ಏಳುವುದು ಹೊಸ ಇಗರ್ಜಿ. ಕೊನೆಯ ಉಪದೇಶದಲ್ಲಿ ಬಿಷಪ್ ಸತ್ಯದ ಬಗ್ಗೆ ಮಾತಾಡುತ್ತಾನೆ, ಮುಂದಿನ ಸಾಲಿನಲ್ಲಿ ಮೇಯರ್ ಕುಟುಂಬ ಸಮೇತ ಕೇಳುತ್ತಾನೆ. ದನೀಲಾ ಹೇಳಿದ ಸತ್ಯ ಹದಿನಾಲ್ಕು ವರ್ಷಗಳಲ್ಲಿ ಯಾರ ಬಾಯಿಗೆ ಬಂದು ಸೇರಿತು ಎಂಬುದನ್ನು ಇಷ್ಟು ಕಟುವಾಗಿ ಬೇರಾರೂ ತೋರಿಸಿಲ್ಲ. ಕಾನ್‌ನಲ್ಲಿ ಚಿತ್ರಕಥೆಯ ಪ್ರಶಸ್ತಿ, ಆಮೇಲೆ ಗೋಲ್ಡನ್ ಗ್ಲೋಬ್ ಬಂದವು. ವೆಚ್ಚದ ಒಂದು ಪಾಲನ್ನು ಕೊಟ್ಟಿದ್ದ ಸಂಸ್ಕೃತಿ ಸಚಿವಾಲಯಕ್ಕೆ ಮುಜುಗರವಾಯಿತು; ಈ ಪಾತ್ರಗಳಲ್ಲಿ ತನ್ನ ಜನರನ್ನು ತಾನು ಕಾಣಲಿಲ್ಲ ಎಂಬರ್ಥದ ಮಾತನ್ನು ಸಚಿವರು ಆಡಿದರು. 2014ರ ಜುಲೈನಲ್ಲಿ ಜಾರಿಗೆ ಬಂದ ಬೈಗುಳ ನಿಷೇಧದ ಕಾನೂನಿನಿಂದಾಗಿ ರಷ್ಯದ ಚಿತ್ರಮಂದಿರಗಳಲ್ಲಿ ಮಾತುಗಳನ್ನು ಅಳಿಸಿಯೇ ಅದನ್ನು ತೋರಿಸಬೇಕಾಯಿತು. ತಮ್ಮ ಮುಂದಿನ ಚಿತ್ರ 'ಪ್ರೀತಿಯಿಲ್ಲದೆ'ಯನ್ನು (2017) ಜ್ವ್ಯಾಗಿನ್‌ತ್ಸೆವ್ ಸರ್ಕಾರದ ಹಣವಿಲ್ಲದೆ ಮಾಡಿದರು.

ಚಿತ್ರಮಂದಿರ ತುಂಬಿಸಿದ್ದು ಮಾತ್ರ ಸೋವಿಯತ್ ಗೆಲುವುಗಳ ನೆನಪು. 1972ರ ಮ್ಯೂನಿಕ್ ಒಲಿಂಪಿಕ್ಸ್‌ನ ಬಾಸ್ಕೆಟ್‌ಬಾಲ್ ಫೈನಲ್‌ನಲ್ಲಿ ಕೊನೆಯ ಮೂರು ಸೆಕೆಂಡುಗಳಲ್ಲಿ ಅಮೆರಿಕವನ್ನು 51-50ರಿಂದ ಮಣಿಸಿದ ಕಥೆ 'ಮೇಲಕ್ಕೆ ಜಿಗಿತ' (2017) 300 ಕೋಟಿ ರೂಬಲ್‌ಗಿಂತ ಹೆಚ್ಚು ಗಳಿಸಿತು. ಲಿಥುವೇನಿಯದವನು, ಜಾರ್ಜಿಯದವರು, ಕಜಾಕ್, ಬೆಲಾರೂಸಿನವನು ಎಲ್ಲರೂ ಒಂದೇ ತಂಡದಲ್ಲಿ ಅಣ್ಣತಮ್ಮಂದಿರು. ಆ ಅಣ್ಣತಮ್ಮಂದಿರಲ್ಲಿ ಹಲವರು ಅವಕಾಶ ಸಿಕ್ಕ ದಿನವೇ ಒಕ್ಕೂಟ ಬಿಟ್ಟು ಹೊರನಡೆದದ್ದು ಏಕೆ ಎಂಬುದು ಇಂಥ ಚಿತ್ರಗಳ ಕಥೆಯ ಭಾಗವಲ್ಲ.

ಒಂದೇ ಉತ್ತರ ಎಲ್ಲರಿಗೂ ಒಪ್ಪುವಂತಿಲ್ಲ ಎಂಬುದು ಗಡಿಪ್ರಾಂತಗಳಿಂದ ಬಂದ ಚಿತ್ರಗಳಲ್ಲಿ ನಿಚ್ಚಳವಾಗಿ ಕಾಣುತ್ತದೆ. ರಷ್ಯದೊಳಗೆ ನೂರಕ್ಕೂ ಹೆಚ್ಚು ಜನಾಂಗಗಳಿವೆ. ಸೊಕೂರೋವ್ ಕಾಕಸಸ್‌ನ ನಾಲ್ಚಿಕ್ ಪಟ್ಟಣದಲ್ಲಿ ನಡೆಸಿದ ತರಗತಿಯಿಂದ ಬಂದ ಕಂತೆಮಿರ್ ಬಲಾಗೋವ್ ತಮ್ಮ 'ಇಕ್ಕಟ್ಟು' (2017) ಚಿತ್ರದಲ್ಲಿ ಅದೇ ಊರಿನ ಯಹೂದಿ ಮತ್ತು ಕಬಾರ್ದಿಯನ್ ಕುಟುಂಬಗಳ ಒಳಗುದಿಯನ್ನು ಹೇಳಿದರು. ಸುಮಾರು ಹತ್ತು ಲಕ್ಷ ಜನಸಂಖ್ಯೆಯ ಸಖಾ, ಅಂದರೆ ಯಾಕೂತಿಯದಲ್ಲಿ, ಸಣ್ಣ ಬಂಡವಾಳದಲ್ಲಿ ಸಖಾ ಭಾಷೆಯಲ್ಲಿಯೇ ಸಿನಿಮಾ ತೆಗೆಯುವ ಒಂದು ಜೀವಂತ ಪರಂಪರೆ ಬೆಳೆದಿದೆ. ಎದುವಾರ್ದ್ ನೋವಿಕೋವ್ ಅವರ 'ಒಡೆಯ ಹದ್ದು' 2018ರಲ್ಲಿ ಮಾಸ್ಕೋ ಅಂತರರಾಷ್ಟ್ರೀಯ ಚಿತ್ರೋತ್ಸವದ ಅಗ್ರ ಪ್ರಶಸ್ತಿ ಪಡೆಯಿತು. ದ್ಮಿತ್ರಿ ದವೀದೋವ್ ಅವರ 'ಬೆದರುಬೊಂಬೆ' 2020ರಲ್ಲಿ ಸೋಚಿಯ ಕಿನೊತಾವ್ರ್ ಉತ್ಸವದಲ್ಲಿ ಗೆದ್ದಿತು. ಊರವರು ದೂರವಿಟ್ಟ, ರೋಗಿಗಳ ಸಂಕಟವನ್ನು ತನ್ನ ಮೈಗೆ ಎಳೆದುಕೊಳ್ಳುವ ನಾಟಿ ವೈದ್ಯೆಯ ಕಥೆ ಅದು. ಮಾಸ್ಕೋದ ಸಚಿವಾಲಯ ರಾಷ್ಟ್ರಕ್ಕೊಂದು ನಾಯಕನನ್ನು ಹುಡುಕುತ್ತಿದ್ದಾಗ, ಯಾಕೂತ್ಸ್ಕ್‌ನ ನಿರ್ದೇಶಕರು ತಮ್ಮ ನೆರೆಹೊರೆಯನ್ನು ನೋಡಿದರು. ಅವರಿಗೆ ದೊಡ್ಡ ಮಾತುಗಳು ಬೇಕಾಗಲಿಲ್ಲ.

ಉಕ್ರೇನ್ ಯುದ್ಧ ಶುರುವಾದ 2022ರ ಫೆಬ್ರವರಿಯ ಬಳಿಕ ಹಾಲಿವುಡ್ ಸ್ಟುಡಿಯೋಗಳು ರಷ್ಯದ ಮಾರುಕಟ್ಟೆ ತೊರೆದವು. ಮೂರು ದಶಕ ಪ್ರಮುಖ ವೇದಿಕೆಯಾಗಿದ್ದ ಕಿನೊತಾವ್ರ್ ನಿಂತಿತು. ಬಲಾಗೋವ್ ಸೇರಿದಂತೆ ಹಲವರು ದೇಶ ಬಿಟ್ಟರು. ಸೊಕೂರೋವ್ ಅವರ 'ಕಟ್ಟುಕಥೆ'ಗೆ 2023ರಲ್ಲಿ ಪ್ರದರ್ಶನ ಪರವಾನಗಿ ಸಿಗಲಿಲ್ಲ. ಸಖಾ ಹಳ್ಳಿಯೊಂದರಲ್ಲಿ ರಷ್ಯನ್ ಪೊಲೀಸನ ಮೇಲೆ ಗುಮಾನಿ ಬಿದ್ದು ಗುಂಪು ರೊಚ್ಚಿಗೇಳುವ ಕಥೆಯ 'ಆಯಿತಾ'ವನ್ನು ಅದೇ ವರ್ಷ, ಜನಾಂಗಗಳ ನಡುವೆ ಒಡಕು ತರುತ್ತದೆಂದು ಹಿಂತೆಗೆಯಲಾಯಿತು. ಅದೇ 2023ರ ಜನವರಿಯಲ್ಲಿ ಹೊಸ ದಾಖಲೆ ಬರೆದ ಚಿತ್ರ 'ಚೆಬುರಾಷ್ಕಾ'. ಸೋವಿಯತ್ ಕಾಲದ ಮಕ್ಕಳ ಕಥೆಯ ದೊಡ್ಡ ಕಿವಿಗಳ ಈ ಪ್ರಾಣಿ ಸುಮಾರು 700 ಕೋಟಿ ರೂಬಲ್ ತಂದಿತು. ಮರುವರ್ಷ ಬುಲ್ಗಾಕೋವ್ ಕಾದಂಬರಿ ಆಧರಿಸಿದ, ಮಿಖಾಯಿಲ್ ಲಾಕ್‌ಶಿನ್ ಅವರ 'ಮಾಸ್ತರ್ ಮತ್ತು ಮಾರ್ಗರೀತಾ' ಬಂತು. ಬರೆದದ್ದಕ್ಕಾಗಿ ಲೇಖಕನೊಬ್ಬನನ್ನು ಹಿಂಡುವ ಮಾಸ್ಕೋವನ್ನು ತೋರಿಸುವ, ಸರ್ಕಾರದ ಹಣವೂ ಸೇರಿದ ಚಿತ್ರವದು. ಯುದ್ಧದ ಪರವಾಗಿದ್ದವರು ನಿರ್ದೇಶಕನನ್ನು ಬಂಧಿಸಬೇಕೆಂದು ಕೂಗಿದರು. ಚಿತ್ರಮಂದಿರಗಳು ಮಾತ್ರ ವಾರಗಟ್ಟಲೆ ತುಂಬಿದವು, ಗಳಿಕೆ 200 ಕೋಟಿ ರೂಬಲ್ ದಾಟಿತು.